ನಿಶೆಲ್ ನಿಕೋಲ್ಸ್ ಬಗ್ಗೆ ಹೇಳಿ
ಮಡಿಕೇರಿಯ ಶಾಲೆಯಲ್ಲಿ ಹುಡುಗಿಯರಿಗೆ ವೈಜ್ಞಾನಿಕ ಕಥೆಗಳ ಯಾವ ನಟಿಯ ಬಗ್ಗೆ ಹೇಳಲಿ ಎಂದು ಕೇಳಿದ್ದೀರಿ. 'ಏಲಿಯನ್' ಸಿನಿಮಾದಲ್ಲಿ ಸಿಗೋರ್ನಿ ವೀವರ್ ಮಾಡಿದ ರಿಪ್ಲಿ ಪಾತ್ರ ನನಗೂ ತುಂಬಾ ಇಷ್ಟ. ಆದರೆ ಆ ಸಿನಿಮಾ ಚಿಕ್ಕವರಿಗೆ ಭಯ ಜಾಸ್ತಿ, ಅಲ್ವಾ? ನಿಶೆಲ್ ನಿಕೋಲ್ಸ್ ಅವರನ್ನೇ ಆರಿಸಿಕೊಳ್ಳಿ. 1966ರಲ್ಲಿ ಶುರುವಾದ 'ಸ್ಟಾರ್ ಟ್ರೆಕ್' ಟಿವಿ ಧಾರಾವಾಹಿಯಲ್ಲಿ ಉಹುರಾ ಪಾತ್ರ ಮಾಡಿದವರು ಇವರೇ. ಕೆಂಪು ಸಮವಸ್ತ್ರ, ಕಿವಿಯಲ್ಲಿ ಬೆಳ್ಳಿ ಬಣ್ಣದ ಇಯರ್‌ಪೀಸ್, ಬಾಹ್ಯಾಕಾಶ ನೌಕೆಯ ಸಂಪರ್ಕವೆಲ್ಲ ಉಹುರಾ ಕೈಯಲ್ಲಿ. ನಿಕೋಲ್ಸ್ ಧಾರಾವಾಹಿ ಬಿಟ್ಟುಹೋಗಲು ಹೊರಟಾಗ ಬೇಡ ಎಂದು ತಡೆದವರು, ಕಪ್ಪು ಜನರ ಹಕ್ಕುಗಳಿಗಾಗಿ ಹೋರಾಡಿದ ಮಾರ್ಟಿನ್ ಲೂಥರ್ ಕಿಂಗ್! 1977ರಲ್ಲಿ ಹೆಣ್ಣುಮಕ್ಕಳೂ ಕಪ್ಪು ಜನರೂ ಗಗನಯಾತ್ರಿಗಳಾಗಲು ನಾಸಾಗೆ ಅರ್ಜಿ ಹಾಕಲಿ ಎಂದು ನಿಕೋಲ್ಸ್ ಊರೂರು ಸುತ್ತಿದರು. ಮರುವರ್ಷ ಆಯ್ಕೆಯಾದವರಲ್ಲಿ ಸ್ಯಾಲಿ ರೈಡ್ ಇದ್ದರು; 1983ರಲ್ಲಿ ಬಾಹ್ಯಾಕಾಶಕ್ಕೆ ಹೋದ ಅಮೆರಿಕದ ಮೊದಲ ಮಹಿಳೆ. ಈ ಭಾಗವನ್ನು ನಿಧಾನವಾಗಿ ಹೇಳಿ. ತೋರಿಸುವ ವಿಡಿಯೊ ಇದ್ದರೆ ಮೊದಲೇ ಡೌನ್‌ಲೋಡ್ ಮಾಡಿಟ್ಟುಕೊಳ್ಳಿ, ಈ ಮಳೆಯಲ್ಲಿ ನಮ್ಮ ಕಡೆ ನೆಟ್‌ವರ್ಕ್ ನಂಬುವ ಹಾಗಿಲ್ಲ.