ತೋಬ್ರುಕ್ ಕತೆ ಕಳಿಸಿದ ಗೆಳೆಯರಿಗೆ

ನಮಸ್ಕಾರ. ಎರಡನೇ ಮಹಾಯುದ್ಧದಲ್ಲಿ, 1941ರ ಕೊನೆಗೆ, ಜರ್ಮನ್ ಮತ್ತು ಇಟಾಲಿಯನ್ ಸೇನೆ ಮುತ್ತಿದ್ದ ಲಿಬಿಯಾದ ಬಂದರು ತೋಬ್ರುಕ್‌ನಲ್ಲಿ ಕಾವಲಿದ್ದ ಜೆಕ್ ಸೈನಿಕ ಯಾನ್, ಪ್ರಾಗ್‌ನಿಂದ ಬಂದ ತಾಯಿಯ ಕಾಗದ, ಮರಳದಿಬ್ಬದ ಮೇಲೆ ಅವನ ಸಾವು. ನಿಮ್ಮ ಕತೆಯನ್ನು ಈಗಿನ ರೂಪದಲ್ಲಿ ಪ್ರಕಟಿಸಲಾರೆ. ವಸ್ತುವನ್ನು ಮಾತ್ರ ಕೈಬಿಡಬೇಡಿ.

ಪುಟಪುಟಕ್ಕೂ ಮರಳದಿಬ್ಬ, ಒಂಟೆ, ಸುಡುಬಿಸಿಲು. ಇದು ಸಿನಿಮಾದ ಮರುಭೂಮಿ. ತೋಬ್ರುಕ್‌ನದು ಕಲ್ಲುನೆಲ, ಮೇಲೆ ತೆಳುಮಣ್ಣು, ಕೆಳಗೆ ಸುಣ್ಣಕಲ್ಲು. ಮಂಡಿಯಾಳ ಗುಂಡಿ ತೋಡುವಷ್ಟರಲ್ಲಿ ಅಂಗೈ ಬೊಬ್ಬೆ. ಹಗಲೆಲ್ಲ ಅದರಲ್ಲೇ ತಲೆಯೆತ್ತದೆ ಬಿದ್ದಿರಬೇಕು, ಚಿಗಟ ನೊಣಗಳ ಜೊತೆ, ಉಪ್ಪುಪ್ಪು ನೀರನ್ನು ಅಳೆದು ಕುಡಿಯುತ್ತ. ಓಡಾಟವೇನಿದ್ದರೂ ರಾತ್ರಿ. ಜೆಕೊಸ್ಲೊವಾಕಿಯಾದ 11ನೇ ಪದಾತಿ ಬೆಟಾಲಿಯನ್ ಅಲ್ಲಿ ಹಡಗಿನಿಂದಿಳಿದದ್ದೇ ಅಕ್ಟೋಬರ್‌ನಲ್ಲಿ. ನವೆಂಬರಿನ ನಡುರಾತ್ರಿ ನಿಮ್ಮ ಯಾನ್ ಬೆವರು ಒರೆಸಿಕೊಳ್ಳುತ್ತಾನೆ. ಅವನು ಚಳಿಗೆ ನಡುಗಬೇಕಿತ್ತು.

ಅವನ ಪಕ್ಕಕ್ಕೆ ಬ್ರಿಟಿಷ್ ಗೆಳೆಯನನ್ನು ಕೂರಿಸಿದ್ದೀರಿ. ಪೋಲೆಂಡಿನವನನ್ನು ಕೂರಿಸಿ. ಬೆಟಾಲಿಯನ್ ಇದ್ದದ್ದು ಪೋಲಿಷ್ ಕಾರ್ಪೇಥಿಯನ್ ಬ್ರಿಗೇಡಿನ ಕೈಕೆಳಗೆ. ಮೂರೇ ವರ್ಷದ ಹಿಂದೆ, 1938ರಲ್ಲಿ, ಪೋಲೆಂಡ್ ಜೆಕೊಸ್ಲೊವಾಕಿಯಾದಿಂದ ತೆಶಿನ್ ಪ್ರದೇಶವನ್ನು ಕಿತ್ತುಕೊಂಡಿತ್ತು. ಈಗ ಇಬ್ಬರಿಗೂ ದೇಶವಿಲ್ಲ, ಒಬ್ಬರ ಮಾತು ಇನ್ನೊಬ್ಬರಿಗೆ ಅರ್ಧಂಬರ್ಧ ತಿಳಿಯುತ್ತದೆ. ಜಗಳವಾಡಿಸಿ ನೋಡಿ, ಸಂಭಾಷಣೆಗೆ ಜೀವ ಬರುತ್ತದೆ.

ಇನ್ನು ಆ ಕಾಗದ. ಕತೆ ಮುರಿದುಬೀಳುವುದೇ ಅಲ್ಲಿ. ಜರ್ಮನರ ಹಿಡಿತದಲ್ಲಿರುವ ಪ್ರಾಗ್‌ನಿಂದ, ಜರ್ಮನರ ವಿರುದ್ಧವೇ ಬಂದೂಕು ಹಿಡಿದ ಮಗನಿಗೆ ಮೂರು ಪುಟದ ಕಾಗದ ಬರುವುದುಂಟೇ? ಈ ಬೆಟಾಲಿಯನ್ ರೂಪುಗೊಂಡದ್ದು ಪ್ಯಾಲೆಸ್ಟೈನ್‌ನಲ್ಲಿ. ತಾಯ್ನಾಡಿನಿಂದ ತಪ್ಪಿಸಿಕೊಂಡು ಬಂದ ಯಹೂದಿಗಳು ಅದರಲ್ಲಿ ಬಹಳ. ಯಾನ್ ಅವರಲ್ಲೊಬ್ಬನೇ? ನೀವು ಹೇಳಿಯೇ ಇಲ್ಲ. ಆಗಿದ್ದರೆ ತಾರೀಖುಗಳನ್ನು ನೋಡಿ. ಪ್ರಾಗ್‌ನ ಯಹೂದಿಗಳನ್ನು ಹೊತ್ತ ಮೊದಲ ರೈಲು, ಜರ್ಮನರು ಯಹೂದಿಗಳನ್ನು ಕೂಡಿಹಾಕುತ್ತಿದ್ದ ಪೋಲೆಂಡಿನ ಲೋಡ್ಜ್ ಘೆಟ್ಟೊಗೆ ಹೊರಟದ್ದು 1941ರ ಅಕ್ಟೋಬರ್ 16ಕ್ಕೆ. ಬೆಟಾಲಿಯನ್ ತೋಬ್ರುಕ್ ಮುಟ್ಟಿದ್ದು 21ಕ್ಕೆ. ಮಗ ಮುಳ್ಳುತಂತಿಯ ಆಚೆ ಕಣ್ಣಿಟ್ಟಿರುವಾಗ ತಾಯಿಗೆ ಸೂಟ್‌ಕೇಸ್ ಕಟ್ಟಿಕೊಂಡು ಬಾ ಎಂಬ ಆಜ್ಞೆ ಬಂದಿರಬಹುದು, ಅವನಿಗೆ ಅದರ ಸುಳಿವೂ ಇಲ್ಲ. ಕಾಗದ ಬಾರದೇ ಇರುವುದೇ ನಿಮ್ಮ ಕತೆ.

ಸಾವೂ ಬೇಡ. ಅವನು ಯುದ್ಧ ಮುಗಿಸಿ ಪ್ರಾಗ್‌ಗೆ ಮರಳಲಿ. ಅಲ್ಲಿ ಅವನಿಗೇನು ಕಾದಿತ್ತು ಎಂಬುದನ್ನೂ ಓದಿಕೊಳ್ಳಿ: ತೋಬ್ರುಕ್‌ನಲ್ಲಿ ಇದೇ ಬೆಟಾಲಿಯನ್ನಿನ ದಂಡನಾಯಕನಾಗಿದ್ದ ಕರೆಲ್ ಕ್ಲಪಾಲೆಕ್‌ರನ್ನು 1950ರ ದಶಕದಲ್ಲಿ ಸ್ವಂತ ದೇಶದ ಕಮ್ಯುನಿಸ್ಟ್ ಸರಕಾರವೇ ಜೈಲಿಗೆ ಹಾಕಿತು.

ಉಪಮೆಗಳಲ್ಲಿ ಅರ್ಧಕ್ಕರ್ಧ ಕಿತ್ತುಹಾಕಿ. ತಿದ್ದಿದ ಪ್ರತಿ ನನ್ನ ಹೆಸರಿಗೇ ಬರಲಿ, ಅವಸರವಿಲ್ಲ.