ಎನ್‌ಬಿಎ ಆಟಗಾರರ ವೃತ್ತಿಜೀವನ ಅಷ್ಟು ಬೇಗ ಮುಗಿಯುವುದು ಯಾಕೆ?

ಗಾಯಗಳು ಒಂದು ಕಾರಣ, ನಿಜ. ಆದರೆ ದೊಡ್ಡ ಕಾರಣ ಜಾಗದ ಕೊರತೆ. ಅಮೆರಿಕದ ಈ ಬಾಸ್ಕೆಟ್‌ಬಾಲ್ ಲೀಗ್‌ನಲ್ಲಿ ಇರುವುದು 30 ತಂಡ. ಒಂದೊಂದರಲ್ಲಿ ಪೂರ್ಣ ಒಪ್ಪಂದದ ಆಟಗಾರರು ಹೆಚ್ಚೆಂದರೆ 15. ಒಟ್ಟು 450 ಜಾಗ, ಅಷ್ಟೇ! ಪ್ರತಿ ವರ್ಷ ಡ್ರಾಫ್ಟ್‌ನಲ್ಲಿ, ಅಂದರೆ ತಂಡಗಳು ಸರದಿಯಂತೆ ಹೊಸಬರನ್ನು ಆರಿಸುವಾಗ, ಸುಮಾರು 60 ಜನ ಆಯ್ಕೆಯಾಗುತ್ತಾರೆ. ಹೊಸಬರು ಒಳಗೆ ಬಂದಷ್ಟೂ ಹಳಬರು ಜಾಗ ಬಿಡಲೇಬೇಕಲ್ವಾ?

ಮೊದಲ ಸುತ್ತಿನಲ್ಲಿ ಆಯ್ಕೆಯಾದವನಿಗೂ ಖಾತ್ರಿ ಇರುವುದು 2 ವರ್ಷದ ಸಂಬಳ ಮಾತ್ರ. ಮೂರು, ನಾಲ್ಕನೇ ವರ್ಷ ಇಟ್ಟುಕೊಳ್ಳುವುದು ತಂಡದ ಇಷ್ಟ. ಎಷ್ಟೋ ಹುಡುಗರ ಕಥೆ ಅಲ್ಲೇ ಮುಗಿಯುತ್ತದೆ. ವಿನ್ಸ್ ಕಾರ್ಟರ್ 22 ಸೀಸನ್ ಆಡಿದ್ದು ಅಪರೂಪ. ಮೊದಲು ಡಂಕ್‌ಗಳಿಗೆ, ಅಂದರೆ ಎತ್ತರಕ್ಕೆ ಜಿಗಿದು ಚೆಂಡನ್ನು ಬುಟ್ಟಿಗೆ ತುರುಕುವುದಕ್ಕೆ, ಹೆಸರಾಗಿದ್ದ ಅವರು, ವಯಸ್ಸಾದ ಮೇಲೆ ಬೆಂಚಿನಿಂದ ಬಂದು ದೂರದಿಂದ ಚೆಂಡು ಹಾಕುವ ಕೆಲಸಕ್ಕೂ ಒಪ್ಪಿಕೊಂಡರು.