ಟಾಪ್ ಆಫ್ ದ ಲೇಕ್: ಮೇರಿ ಯಾರು, ಡಿಎನ್‌ಎ ಯಾಕೆ ಹೊಂದಲ್ಲ?
ಟಾಪ್ ಆಫ್ ದ ಲೇಕ್ ಅನ್ನೋ ಟಿವಿ ಸೀರೀಸಲ್ಲಿ ಮೇರಿ ಯಾರು ಅಂತ ಕೇಳಿದ್ರಿ. ನೀವು ನೇರ ಎರಡನೇ ಸೀಸನ್ನಿಂದ ಶುರು ಮಾಡಿದೀರ ಅನ್ಸುತ್ತೆ, ಅದಕ್ಕೇ ಮೇರಿ ಯಾರು ಅಂತ ಗೊತ್ತಾಗ್ತಿಲ್ಲ. ಮೊದ್ಲು 2013ರ ಸೀಸನ್ ನೋಡಿ, ನ್ಯೂಜಿಲೆಂಡ್ ಕಥೆ, 12 ವರ್ಷದ ಬಸುರಿ ಹುಡುಗಿ ಟೂಯಿ ಕೊರೆಯೋ ಕೆರೆ ನೀರಿಗೆ ಇಳಿಯೋದು ನೋಡಿದ್ರೇ ಕರುಳು ಕಿತ್ತು ಬರುತ್ತೆ. ಪೊಲೀಸ್ ರಾಬಿನ್ ಹಿಂದೆ ಹೆತ್ತ ಮಗೂನ ದತ್ತು ಕೊಟ್ಟಿದ್ದು ಅಲ್ಲೇ ಗೊತ್ತಾಗುತ್ತೆ, ಆ ಮಗಳೇ ಮೇರಿ. ಆಮೇಲೆ 2017ರ ಎರಡನೇ ಸೀಸನ್ ‘ಚೈನಾ ಗರ್ಲ್’ ಮತ್ತೆ ಮೊದಲಿಂದ ನೋಡಿ, 6 ಎಪಿಸೋಡ್ ಅಷ್ಟೆ. ಸಿಡ್ನಿಯ ಬಾಂಡೈ ಬೀಚಿಗೆ ತೇಲಿಬಂದ ಸೂಟ್‌ಕೇಸಲ್ಲಿ ಸಿಕ್ಕ ಹೆಂಗಸಿನ ಹೊಟ್ಟೇಲಿದ್ದ ಕೂಸಿನ ಡಿಎನ್‌ಎ ಅವಳಿಗೇ ಯಾಕೆ ಹೊಂದಲ್ಲ ಅಂತ ಕೇಳಿದ್ರಲ್ಲ, ಅವಳು ಬಾಡಿಗೆ ತಾಯಿ, ಅಂಡಾಣು ಬೇರೆಯವರದ್ದು. ಸಿಡ್ನಿ ಕಡೆ ದುಡ್ಡು ಕೊಟ್ಟು ಹಾಗೆ ಮಾಡ್ಸೋದು ಅಪರಾಧ, ಅದಕ್ಕೇ ಎಲ್ಲಾ ಕದ್ದುಮುಚ್ಚಿ. ಹೀಗೆ ಬಾಡಿಗೆ ತಾಯಿ ಆಗೋ ಹುಡುಗೀರ ಪಾಡು ನೋಡೋಕಾಗಲ್ಲ, ಒಂದೇ ರಾತ್ರಿ ಎಲ್ಲಾ ನೋಡ್ಬೇಡಿ.